ಹಿಂದಿನ ಸಾಲಿನ ಹುಡುಗಿ

10 ಜುಲೈ 2016

ನನ್ನ ಮಿಡತೆಗೆ,

ನೀನು ಹಾಸ್ಟೆಲಿಗೆ ಹೋಗಿ ವಾರವಾಯಿತು. ನನ್ನ ಹೊಲಿಗೆ ಅಂಗಡಿಯ ಬಾಗಿಲಿನ ಮೇಲ್ಪಟ್ಟಿಯನ್ನು ಹಾರಿ ಮುಟ್ಟಿ ಒಳಗೆ ಬರುವವರು ಈಗ ಯಾರೂ ಇಲ್ಲ. ನಿನ್ನ ಬೆರಳಿನ ಕೊಳೆ ಮಾತ್ರ ಅಲ್ಲಿ ಸಾಲಾಗಿ ಉಳಿದಿದೆ. ಒರೆಸೋಣವೆಂದರೆ ನನ್ನ ಕೈ ಎಟುಕುವುದಿಲ್ಲ. ನಿನ್ನ ಅಪ್ಪನಿಗೆ ಹೇಳಿದರೆ ಅವಳೇ ಬಂದು ಒರೆಸಲಿ ಎನ್ನುತ್ತಾನೆ. ನನ್ನ ತಮ್ಮನಿಗೆ ತನ್ನ ಬಸ್ಸಿನ ಮುಂದಿನ ಗಾಜು ಬಿಟ್ಟರೆ ಲೋಕದಲ್ಲಿ ಬೇರೇನನ್ನೂ ಒರೆಸಿ ಗೊತ್ತಿಲ್ಲ.

ಫೋನು ಮಾಡಬೇಡ ಎಂದದ್ದು ಸಿಟ್ಟಿನಿಂದಲ್ಲ. ಗಾರ್ಮೆಂಟ್ಸ್‌ನಲ್ಲಿ ಹೊಲಿದ ವರ್ಷಗಳು ನನ್ನ ಕಿವಿಯನ್ನು ಅಲ್ಲೇ ಇಟ್ಟುಕೊಂಡವು. ಎದುರಿಗಿದ್ದವರ ಮಾತನ್ನು ತುಟಿ ನೋಡಿ ಹಿಡಿಯುತ್ತೇನೆ. ಫೋನಿಗೆ ತುಟಿಯಿಲ್ಲವಲ್ಲ. ಅದೂ ಅಲ್ಲದೆ ಇದು ನಲವತ್ತು ದಾಟಿದ ಮೇಲೆ, ಕತ್ತರಿಸುವ ಮೇಜಿನ ಮುಂದೆ ಒಬ್ಬಳೇ ಕೂತು ಕಲಿತ ಅಕ್ಷರ. ಬಳಸದಿದ್ದರೆ ತುಕ್ಕು ಹಿಡಿಯುತ್ತದೆ. ಆದ್ದರಿಂದ ಪತ್ರ ಬರೆ, ಉದ್ದವಾಗಿಯೇ ಬರೆ. ತಪ್ಪು ಕಂಡರೆ ತಿದ್ದಬೇಡ, ಅರ್ಥ ಮಾಡಿಕೋ.

ಬೀದಿಗೆಲ್ಲ ಹೇಳಿಯಾಗಿದೆ. ನಮ್ಮ ಹುಡುಗಿಗೆ ವಾಲಿಬಾಲಿನ ಮೇಲೆಯೇ ಕಾಲೇಜಿನಲ್ಲಿ ಸೀಟು ಸಿಕ್ಕಿದೆ, ಅವಳು ಹಾರಿ ಸ್ಮ್ಯಾಶ್ ಹೊಡೆದರೆ ಚೆಂಡು ನೆಲಕ್ಕೆ ಬಿದ್ದ ಮೇಲೆಯೇ ಎದುರಿನವರಿಗೆ ಕಾಣುವುದು ಎಂದೆ. ಔಷಧಿ ಅಂಗಡಿಯವನು ಅಷ್ಟು ಜೋರಾ ಎಂದು ಕೇಳಿದ. ನಿನ್ನ ಗಾಜಿನ ಕಪಾಟಿನ ಮುಂದೆಯೇ ಒಂದು ಆಟ ಇಡಿಸುತ್ತೇನೆ, ನೋಡಿಕೋ ಎಂದೆ. ಆಮೇಲೆ ಅವನು ಮಾತು ಬದಲಿಸಿದ.

ನಿನ್ನ ಅಪ್ಪನೊಬ್ಬ ಮಾತ್ರ ಹಾಗೇ ಇದ್ದಾನೆ. ಮೂರು ವರ್ಷ ಆಡಿ ಏನಾಗಿ ಬರುತ್ತಾಳೆ ಎಂದು ಕೇಳಿದ. ಆಟಗಾರ್ತಿಯಾಗಿ ಬರುತ್ತಾಳೆ ಎಂದೆ. ಅದೂ ಒಂದು ಕೆಲಸವಾ ಎಂದ. ಉತ್ತರ ಕೊಡುವುದು ನಿನ್ನ ಪಾಲಿಗಿರಲಿ.

ಮೊಟ್ಟೆ ತಿನ್ನು. ಮೊಣಕಾಲಿನ ಪಟ್ಟಿ ಒಗೆಯದೆ ಹಾಕಿಕೊಳ್ಳಬೇಡ.

ನಿನ್ನ ಅತ್ತೆ


21 ಆಗಸ್ಟ್ 2016

ಅತ್ತೆಗೆ,

ಇಲ್ಲಿ ಆಡುವುದು ಮರದ ನೆಲದ ಮೇಲೆ. ಬಿದ್ದರೆ ಚರ್ಮ ಕಿತ್ತುಬರುವುದಿಲ್ಲ, ಸುಡುತ್ತದೆ. ಬೆಳಕು ಹರಿಯುವ ಮೊದಲೇ ಅಭ್ಯಾಸ, ಆಮೇಲೆ ತರಗತಿ, ಸಂಜೆ ಮತ್ತೆ ಅಭ್ಯಾಸ. ಕೋಚ್ ಮೇಡಂ ನಗುವುದನ್ನು ಇದುವರೆಗೆ ಯಾರೂ ನೋಡಿಲ್ಲ. ಚೆನ್ನಾಗಿ ಆಡಿದರೆ ಹುಂ ಎನ್ನುತ್ತಾರೆ, ಕೆಟ್ಟದಾಗಿ ಆಡಿದರೂ ಹುಂ ಎನ್ನುತ್ತಾರೆ. ಯಾವ ಹುಂ ಯಾವುದು ಎಂದು ನಾವೇ ತಿಳಿದುಕೊಳ್ಳಬೇಕು.

ನನ್ನ ಕೋಣೆಯಲ್ಲಿ ಇರುವವಳಿಗೆ ಜಿರಾಫೆ ಎಂದು ಹೆಸರಿಟ್ಟಿದ್ದಾರೆ. ಹಾಸ್ಟೆಲಿನ ಬಾಗಿಲಲ್ಲಿ ತಲೆ ಬಗ್ಗಿಸಿಯೇ ಬರುತ್ತಾಳೆ. ಅವಳೂ ನನ್ನ ಹಾಗೆ ಬಲೆಯ ಎಡಗಡೆಯಿಂದ ಹೊಡೆಯುವವಳು. ಇಲ್ಲಿ ಎಲ್ಲರೂ ಎತ್ತರ. ನಾನೂ ಹಾಗೇನೂ ಗಿಡ್ಡ ಇಲ್ಲ.

ಅಪ್ಪನಿಗೆ ಉತ್ತರ ಇಲ್ಲಿದೆ. ಪ್ರತಿವರ್ಷ ಎಲ್ಲ ಕಾಲೇಜುಗಳ ಹುಡುಗಿಯರನ್ನೂ ಕರೆಸಿ ಹನ್ನೆರಡು ಜನರನ್ನು ಮಾತ್ರ ವಿಶ್ವವಿದ್ಯಾಲಯದ ತಂಡಕ್ಕೆ ಆರಿಸುತ್ತಾರೆ. ಆ ತಂಡದಲ್ಲಿ ಆಡಿದವಳನ್ನು ಆಮೇಲೆ ಯಾರೂ ಏನಾಗಿದ್ದೀಯ ಎಂದು ಕೇಳುವುದಿಲ್ಲ. ಈ ಮೂರು ವರ್ಷದೊಳಗೆ ಆ ಹನ್ನೆರಡರಲ್ಲಿ ನಾನು ಇರುತ್ತೇನೆ. ಇಲ್ಲದಿದ್ದರೆ ಅಪ್ಪ ಹೇಳಿದ್ದೇ ಸರಿ ಎಂದು ಒಪ್ಪಿಕೊಂಡು ಬರುತ್ತೇನೆ.

ಮೊಣಕಾಲಿನ ಪಟ್ಟಿ ಒಗೆದಿದ್ದೇನೆ.

ಮಿಡತೆ


27 ನವೆಂಬರ್ 2016

ಮಿಡತೆಗೆ,

ಎರಡು ಪತ್ರ ಹಾಕಿದೆ, ಉತ್ತರವಿಲ್ಲ. ನಿನ್ನ ಅಮ್ಮನಿಗೆ ಫೋನಿನಲ್ಲಿ ಚೆನ್ನಾಗಿದ್ದೇನೆ ಎಂದಿದ್ದೀಯಂತೆ. ಚೆನ್ನಾಗಿರುವವರು ಚೆನ್ನಾಗಿದ್ದೇನೆ ಎಂದು ಅಷ್ಟು ಸಲ ಹೇಳುವುದಿಲ್ಲ. ಒಂದು ಆಟದಲ್ಲಿ ಎಷ್ಟು ಸ್ಮ್ಯಾಶ್ ಹೊಡೆದೆ ಎಂದಾದರೂ ತಿಳಿಸು, ನನಗೆ ಇಲ್ಲಿ ಬೀದಿಯಲ್ಲಿ ಹೇಳಲು ಸರಕು ಖಾಲಿಯಾಗಿದೆ. ಕಳೆದ ವಾರ ಸುಮ್ಮನೆ ನಾನೇ ಒಂದು ಪಂದ್ಯ ಗೆಲ್ಲಿಸಿಬಿಟ್ಟೆ.

ಅತ್ತೆ


15 ಜನವರಿ 2017

ಅತ್ತೆಗೆ,

ಪರೀಕ್ಷೆ ಇತ್ತು, ಅದಕ್ಕೇ ಬರೆಯಲಿಲ್ಲ. ಪಂದ್ಯಗಳು ನಡೆಯುತ್ತಿವೆ, ತಂಡದಲ್ಲಿ ಇದ್ದೇನೆ. ನೀನು ಕೇಳಿದ್ದೆಯಲ್ಲ, ತಂಡದ ಫೋಟೊ ಇಟ್ಟಿದ್ದೇನೆ.

ಬೇರೆ ವಿಶೇಷವೇನಿಲ್ಲ.

ಮಿಡತೆ


2 ಫೆಬ್ರವರಿ 2017

ಮಿಡತೆಗೆ,

ಈಗ ನನಗೆ ಎಲ್ಲ ಗೊತ್ತಾಯಿತು. ನೀನು ಯಾಕೆ ಪತ್ರ ಬರೆಯಲಿಲ್ಲ, ಫೋಟೊದಲ್ಲಿ ಯಾಕೆ ಮುಖ ಊದಿಸಿಕೊಂಡು ನಿಂತಿದ್ದೀಯ, ಎಲ್ಲ.

ಎಲ್ಲ ಹುಡುಗಿಯರಿಗೂ ನೀಲಿ ಅಂಗಿ, ನಿನಗೊಬ್ಬಳಿಗೆ ಹಳದಿ! ತಂಡಕ್ಕೆ ಅಂಗಿ ಹೊಲಿಸುವಾಗ ಒಂದು ಕಡಿಮೆ ಬಿದ್ದಿದೆ. ಎಲ್ಲೋ ಮೂಲೆಯಲ್ಲಿ ಬಿದ್ದಿದ್ದನ್ನು ತಂದು ನಿನಗೆ ತೊಡಿಸಿದ್ದಾರೆ. ಅಷ್ಟು ದೊಡ್ಡ ಕಾಲೇಜು, ಒಂದು ಅಂಗಿಗೆ ಗತಿಯಿಲ್ಲವೇ? ಹೊಟ್ಟೆ ಉರಿದುಹೋಯಿತು. ನಾನು ದರ್ಜಿ, ನನ್ನ ತಮ್ಮನ ಮಗಳು ತಂಡದ ನಡುವೆ ಬೇರೆ ಬಣ್ಣದ ಅಂಗಿಯಲ್ಲಿ ನಿಲ್ಲುವುದೆಂದರೇನು?

ಭೂತಗನ್ನಡಿ ಹಿಡಿದು ಫೋಟೊವನ್ನು ನೋಡಿದೆ. ಕತ್ತಿನ ಪಟ್ಟಿ, ತೋಳಿನ ಬಿಳಿ ಗೆರೆ, ಎದೆಯ ಅಂಕಿಯ ದಪ್ಪ ಎಲ್ಲ ಗುರುತು ಹಾಕಿಕೊಂಡೆ. ಬೆವರು ಹೀರುವ ಬಟ್ಟೆಗಾಗಿ ಮೂರು ಅಂಗಡಿ ಅಲೆದೆ. ಇದರ ಜೊತೆಗಿರುವ ಪಾರ್ಸೆಲಿನಲ್ಲಿ ನೀಲಿ ಅಂಗಿ ಇದೆ. ಭುಜದ ಹತ್ತಿರ ಸ್ವಲ್ಪ ಸಡಿಲ ಬಿಟ್ಟಿದ್ದೇನೆ, ಕೈ ಎತ್ತಿ ಹೊಡೆಯುವಾಗ ಎಳೆಯಬಾರದು. ನಾಳೆಯಿಂದ ಇದನ್ನೇ ಹಾಕಿಕೊಂಡು ಹೋಗು. ಯಾರಾದರೂ ಕೇಳಿದರೆ ನಮ್ಮತ್ತೆ ಹೊಲಿದದ್ದು ಎನ್ನು.

ಅತ್ತೆ


20 ಫೆಬ್ರವರಿ 2017

ಅತ್ತೆಗೆ,

ಪಾರ್ಸೆಲ್ ಬಿಚ್ಚಿ ನಿನ್ನ ಪತ್ರ ಓದಿದಾಗ ಜಿರಾಫೆ ನಕ್ಕು ನಕ್ಕು ಮಂಚದಿಂದ ಕೆಳಗೆ ಬಿದ್ದಳು. ಅಂಗಿಯನ್ನು ಬೆಳಕಿಗೆ ಹಿಡಿದು ನೋಡಿ, ನಮ್ಮದಕ್ಕಿಂತ ಇದೇ ಚೆನ್ನಾಗಿದೆ ಎಂದಳು. ನನಗೆ ನಗು ಬರಲಿಲ್ಲ.

ಅದನ್ನು ನಾನು ಹಾಕಿಕೊಳ್ಳುವ ಹಾಗಿಲ್ಲ, ಅತ್ತೆ. ಬೇರೆ ಬಣ್ಣದ ಅಂಗಿ ಆಟದ ನಿಯಮ. ತಂಡದಲ್ಲಿ ಒಬ್ಬಳಿಗೆ ಲಿಬೆರೋ ಎನ್ನುತ್ತಾರೆ. ಅವಳು ಹಿಂದಿನ ಸಾಲಿನಲ್ಲಿ ಮಾತ್ರ ಆಡಬೇಕು. ಎದುರಿನವರು ಹೊಡೆದ ಚೆಂಡು ನೆಲ ಮುಟ್ಟದ ಹಾಗೆ ಎತ್ತಿಕೊಡಬೇಕು. ಅವಳು ಬಲೆಯ ಹತ್ತಿರ ಹಾರಿ ಹೊಡೆಯಬಾರದು, ತಡೆಯಬಾರದು, ಸರ್ವ್ ಕೂಡ ಮಾಡಬಾರದು. ಮಾಡಿಬಿಟ್ಟರೆ ರೆಫರಿಗೆ ದೂರದಿಂದಲೇ ಕಾಣಲಿ ಎಂದು ಬೇರೆ ಬಣ್ಣ.

ಸೆಪ್ಟೆಂಬರಿನಲ್ಲೇ ಮೇಡಂ ನನ್ನನ್ನು ಕರೆದು, "ಇನ್ಮೇಲೆ ನೀನು ಹಿಂದೆ ಆಡು" ಎಂದರು. ಅಷ್ಟೇ. ಮುಂದೆ ನನ್ನ ಜಾಗದಲ್ಲಿ ಜಿರಾಫೆ ಇದ್ದಾಳೆ. ಆ ದಿನದಿಂದ ನಾನು ಒಂದು ಸ್ಮ್ಯಾಶ್ ಕೂಡ ಹೊಡೆದಿಲ್ಲ. ನೀನು ಬೀದಿಯಲ್ಲಿ ನನ್ನನ್ನು ಗೆಲ್ಲಿಸುತ್ತಿದ್ದಾಗ ನಾನು ಇಲ್ಲಿ ಹೊಟ್ಟೆಯ ಮೇಲೆ ಜಾರುತ್ತಾ ಬೇರೆಯವರಿಗೆ ಚೆಂಡು ಹೆಕ್ಕಿಕೊಡುತ್ತಿದ್ದೆ.

ಈಗ ಇನ್ನೊಂದು ಕಾಲೇಜಿನವರು ಕರೆದಿದ್ದಾರೆ. ಚಿಕ್ಕ ತಂಡ, ಆದರೆ ನನಗೆ ಹೊಡೆಯುವ ಜಾಗವನ್ನೇ ಕೊಡುತ್ತಾರೆ. ಹೋಗಬೇಕಾದರೆ ಇದರ ಜೊತೆಗಿಟ್ಟಿರುವ ಅರ್ಜಿಗೆ ಅಪ್ಪನ ಸಹಿ ಬೇಕು. ನಾನು ಕೇಳಿದರೆ ಮೂರು ದಿನ ಮಾತಾಡುವುದಿಲ್ಲ. ನಿನ್ನ ಮಾತು ಅವನು ತೆಗೆದುಹಾಕುವುದಿಲ್ಲ. ನನಗೋಸ್ಕರ ಒಂದು ಸಲ ಕೇಳು.

ಮಿಡತೆ


11 ಮಾರ್ಚ್ 2017

ಮಿಡತೆಗೆ,

ಸಹಿಯಾಯಿತು. ಇದರೊಳಗೇ ಇದೆ, ಮಡಿಕೆ ಬಿಚ್ಚುವಾಗ ಹರಿಯಬೇಡ.

ಸುಲಭವಾಗಿ ಆಗಲಿಲ್ಲ. ಮೊದಲನೇ ದಿನ ನಿನ್ನ ಅಪ್ಪ ಉಣ್ಣುತ್ತಾ ಕೂತವನು ತಲೆಯನ್ನೇ ಎತ್ತಲಿಲ್ಲ. ಎರಡನೇ ದಿನ, ಒಂದು ಕಡೆ ನೆಟ್ಟಗೆ ಕೂರಲು ಬಾರದವಳು ಇನ್ನೊಂದು ಕಡೆ ಕೂರುತ್ತಾಳಾ ಎಂದ. ಅವಳು ಕೂರಲು ಹೋಗಿಲ್ಲ, ಹಾರಲು ಹೋಗಿದ್ದಾಳೆ, ಕೂರಿಸಿದವರು ಅವರು ಎಂದೆ. ನನಗೆ ಅರಿವಿಲ್ಲದೆ ದನಿ ಏರಿರಬೇಕು, ನಿನ್ನ ಅಮ್ಮ ಕಿಟಕಿ ಮುಚ್ಚಿದಳು. ಕೊನೆಗೆ ಇವತ್ತು ಬೆಳಿಗ್ಗೆ ಡ್ಯೂಟಿಗೆ ಹೊರಟವನು ಬಾಗಿಲಲ್ಲಿ ನಿಂತು ಪೆನ್ನು ಕೇಳಿದ. "ಎಲ್ಲಿ ಇಳೀಬೇಕು ಅಂತ ಅವಳಿಗೆ ಗೊತ್ತಿದ್ರೆ ಸರಿ" ಎಂದು ಗೋಡೆಗೆ ಇಟ್ಟುಕೊಂಡೇ ಸಹಿ ಹಾಕಿದ.

ಹೋಗು. ಹೋಗಿ ಹೊಡೆ. ನಿನ್ನನ್ನು ಹಿಂದೆ ನಿಲ್ಲಿಸಿದ ಆ ಮೇಡಮ್ಮಿಗೆ ಕೇಳಿಸುವ ಹಾಗೆ ಹೊಡೆ.

ಅತ್ತೆ


12 ಮಾರ್ಚ್ 2017

ಅತ್ತೆಗೆ,

ಈ ಪತ್ರ ನಿನಗೆ ತಲುಪುವ ಮೊದಲೇ ಅಪ್ಪನನ್ನು ಕೇಳಿಬಿಟ್ಟಿದ್ದರೆ ನನ್ನನ್ನು ಮನಸಾರೆ ಬೈದುಬಿಡು. ನಾನು ಎಲ್ಲಿಗೂ ಹೋಗುತ್ತಿಲ್ಲ.

ಹೋಗುತ್ತೇನೆ ಎಂದು ಹೇಳುವುದಕ್ಕೇ ಮೇಡಂ ಹತ್ತಿರ ಹೋಗಿದ್ದೆ. ಅವರು ಮೇಜಿನ ಮೇಲೆ ನಿಂತು ಬಲೆಯಾಚೆಯಿಂದ ನಮ್ಮ ಕಡೆಗೆ ಚೆಂಡು ಹೊಡೆಯುತ್ತಾರೆ, ನಾವು ಎತ್ತಬೇಕು, ಅದು ನಮ್ಮ ದಿನದ ಅಭ್ಯಾಸ. ಮೇಜಿನ ಮೇಲಿಂದ ಇಳಿಯದೆಯೇ ನನ್ನ ಮಾತು ಕೇಳಿಸಿಕೊಂಡರು. ಹೋಗುವುದಾದರೆ ಹೋಗು, ಅದಕ್ಕೆ ಮೊದಲು ಪಕ್ಕದಲ್ಲಿ ನಿಂತು ಉಳಿದವರನ್ನು ನೋಡು ಎಂದರು. ನೋಡಿದೆ. ಏನು ನೋಡಬೇಕೆಂದೇ ತಿಳಿಯಲಿಲ್ಲ. ಆಮೇಲೆ ಅವರೇ ಹೇಳಿದರು: "ಚೆಂಡು ಬಂದಾಗ ಎಲ್ರೂ ಒಂದು ಕ್ಷಣ ಕಣ್ಣು ಮುಚ್ತಾರೆ. ನೀನು ಮುಚ್ಚಲ್ಲ. ಗಿಡ್ಡ ಅಂತ ನಿನ್ನನ್ನ ಹಿಂದೆ ಹಾಕಿದ್ದು ಅಂದ್ಕೊಂಡ್ಯಾ?"

ಮತ್ತೆ ನೋಡಿದೆ, ಅತ್ತೆ. ನಿಜ. ಜಿರಾಫೆ ಕೂಡ ಮುಚ್ಚುತ್ತಾಳೆ.

ಆ ಚಿಕ್ಕ ತಂಡದಲ್ಲಿ ನಾನು ಹೊಡೆಯಬಹುದು. ಆದರೆ ವಿಶ್ವವಿದ್ಯಾಲಯದ ತಂಡಕ್ಕೆ ನನ್ನ ಎತ್ತರದ ಸ್ಮ್ಯಾಶರನ್ನು ಯಾರೂ ಆರಿಸುವುದಿಲ್ಲ, ಇದು ಇಲ್ಲಿಗೆ ಬಂದ ದಿನದಿಂದಲೇ ನನಗೆ ಗೊತ್ತಿತ್ತು. ಲಿಬೆರೋ ಒಬ್ಬಳು ಬೇಕೇ ಬೇಕು. ಆ ಒಬ್ಬಳು ನಾನಾಗುತ್ತೇನೆ. ಸೆಪ್ಟೆಂಬರಿನಲ್ಲಿ ಆಯ್ಕೆ.

ಮಿಡತೆ


20 ಮಾರ್ಚ್ 2017

ಮಿಡತೆಗೆ,

ನಿನ್ನ ಪತ್ರವೂ ನನ್ನ ಪತ್ರವೂ ದಾರಿಯಲ್ಲಿ ಎದುರುಬದುರಾಗಿ ಹೋಗಿವೆ. ಒಂದಕ್ಕೊಂದು ನಿಂತು ಮಾತಾಡಿಸಿದ್ದರೆ ನನ್ನ ಮಾನ ಉಳಿಯುತ್ತಿತ್ತು.

ನಿನ್ನ ಅಪ್ಪನಿಗೆ ಹೇಳಿದೆ. ತುಂಬ ದಿನದ ಮೇಲೆ ನಕ್ಕ. "ಹತ್ತಿ ಕೂತ್ಮೇಲೆ ಈ ಬಸ್ ಎಲ್ಲಿಗೆ ಹೋಗುತ್ತೆ ಅಂತ ಕೇಳೋರು ನಮ್ಮ ಮನೇಲೇ ಇದ್ದಾರೆ" ಎಂದ. ಮತ್ತೆ ಎರಡು ದಿನ ನನ್ನ ಮುಖ ಕಂಡಾಗಲೆಲ್ಲ ಪೆನ್ನು ಬೇಕಾ ಅಕ್ಕಾ ಎಂದು ಕೇಳಿದ. ಇನ್ನು ನಿನ್ನ ಪರವಾಗಿ ವಕೀಲಿಕೆಗೆ ನನ್ನನ್ನು ಕರೆಯಬೇಡ.

ಆದರೂ ನನ್ನ ದಡ್ಡ ತಲೆಗೆ ಒಂದು ಹೊಳೆಯುವುದಿಲ್ಲ. ಹೊಡೆಯದೆ ಆಡುವುದು ಎಂಥ ಆಟ? ನೀನು ಎತ್ತಿಕೊಡುತ್ತೀಯ, ಇನ್ನೊಬ್ಬಳು ಹೊಡೆಯುತ್ತಾಳೆ, ಅವಳಿಗೆ ಚಪ್ಪಾಳೆ. ನಿನಗೆ ಉಳಿಯುವುದೇನು? ಸಿಟ್ಟಿನಿಂದ ಕೇಳುತ್ತಿಲ್ಲ, ನಿಜವಾಗಿಯೂ ಗೊತ್ತಿಲ್ಲ.

ಬೀದಿಯವರಿಗೆ ಏನೂ ಹೇಳಿಲ್ಲ. ನೀನು ಅಲ್ಲಿ ಈಗಲೂ ಹೊಡೆಯುತ್ತಲೇ ಇದ್ದೀಯ.

ಅತ್ತೆ


17 ಸೆಪ್ಟೆಂಬರ್ 2017

ಅತ್ತೆಗೆ,

ಆಯ್ಕೆಯ ಪಂದ್ಯಗಳು ಮುಗಿದವು. ಚೆನ್ನಾಗಿಯೇ ಆಡಿದೆ. ಯಾರನ್ನು ಆರಿಸಿದ್ದಾರೆ ಎಂದು ಇನ್ನೂ ಹೇಳಿಲ್ಲ, ತಡವಾಗಬಹುದಂತೆ. ತಿಳಿದ ಕೂಡಲೇ ಬರೆಯುತ್ತೇನೆ.

ನೀನು ಮಾರ್ಚಿನಲ್ಲಿ ಕೇಳಿದ ಪ್ರಶ್ನೆಗೆ ನಾನು ಉತ್ತರ ಬರೆಯಲಿಲ್ಲ. ಮರೆತಿಲ್ಲ.

ಮಿಡತೆ


24 ಸೆಪ್ಟೆಂಬರ್ 2017

ನನ್ನ ಮಿಡತೆಗೆ,

ನಾನು ಅಲ್ಲಿದ್ದೆ.

ಆಯ್ಕೆ ಯಾವತ್ತು, ಎಲ್ಲಿ ಎಂದು ನಿನ್ನ ಅಮ್ಮನಿಂದ ತಿಳಿದುಕೊಂಡು, ಮನೆಯಲ್ಲಿ ಅಸ್ತರಿನ ಬಟ್ಟೆ ತರಲು ಹೋಗುತ್ತೇನೆ ಎಂದು ಹೇಳಿ ಬಸ್ಸು ಹತ್ತಿದೆ. ಬಟ್ಟೆಯನ್ನೂ ತಂದೆ, ಅದು ಸುಳ್ಳಲ್ಲ. ಗ್ಯಾಲರಿಯ ಕೊನೆಯ ಮೆಟ್ಟಿಲಿನಲ್ಲಿ, ಕಂಬದ ಪಕ್ಕ ಕೂತಿದ್ದೆ. ನಿನಗೆ ಕಂಡರೆ ನಿನ್ನ ಗಮನ ಹೋದೀತು ಎಂದು ಸೆರಗು ತಲೆಗೆ ಎಳೆದುಕೊಂಡಿದ್ದೆ. ಆಯ್ಕೆಯಾದವರನ್ನು ಒಬ್ಬೊಬ್ಬರನ್ನಾಗಿ ಮುಂದಕ್ಕೆ ಕರೆದಾಗ ಜಿರಾಫೆ ಹೋದಳು. ನಿನ್ನ ಹಾಗೆಯೇ ಬೇರೆ ಬಣ್ಣದ ಅಂಗಿ ಹಾಕಿದ್ದ ಇನ್ನೊಂದು ಕಾಲೇಜಿನ ಹುಡುಗಿ ಹೋದಳು. ನೀನು ನಿಂತಲ್ಲೇ ನಿಂತೆ. ಆಮೇಲೆ ಹೊರಗಿನ ಮೆಟ್ಟಿಲ ಮೇಲೆ ಟವೆಲನ್ನು ತಲೆಯ ಮೇಲೆ ಹಾಕಿಕೊಂಡು ಕೂತೆ. ಹತ್ತಿರ ಬರಬೇಕೆಂದು ಅರ್ಧ ದಾರಿ ಬಂದೆ. ಟವೆಲು ಹೊದ್ದವರು ಯಾರಿಗೂ ಕಾಣಬಾರದು ಎಂದೇ ಹೊದ್ದಿರುತ್ತಾರೆ ಎನ್ನಿಸಿತು. ವಾಪಸು ಬಂದೆ.

ಚೆನ್ನಾಗಿಯೇ ಆಡಿದೆ ಎಂದು ಬರೆದಿದ್ದೀಯ. ಅದು ಸುಳ್ಳಲ್ಲ, ನೀನು ನೆಲಕ್ಕೆ ಬಿದ್ದು ಎತ್ತಿದ ಚೆಂಡುಗಳನ್ನು ನಾನು ನೋಡಿದೆ. ಆದರೆ ಇನ್ನೊಂದನ್ನೂ ನೋಡಿದೆ. ನನಗೆ ಸಿಳ್ಳೆ ಕೇಳುವುದಿಲ್ಲ, ಗದ್ದಲ ಕೇಳುವುದಿಲ್ಲ, ಹಾಗಾಗಿ ಬರೀ ಬಾಯಿಗಳನ್ನೇ ನೋಡುತ್ತಿದ್ದೆ. ಚೆಂಡು ಬರುವಾಗ ಎಲ್ಲ ಹುಡುಗಿಯರೂ ಏನೋ ಕೂಗುತ್ತಾರೆ. ಬೇರೆ ಬಣ್ಣದ ಅಂಗಿಯ ಆ ಇನ್ನೊಬ್ಬಳು ಬಾಯಿ ಮುಚ್ಚಿದ್ದನ್ನೇ ನಾನು ಕಾಣಲಿಲ್ಲ. ನಿನ್ನ ಬಾಯಿ ಒಂದು ಸಲವೂ ತೆರೆಯಲಿಲ್ಲ. ಎರಡು ಸಲ ಚೆಂಡು ನಿನಗೂ ಪಕ್ಕದವಳಿಗೂ ನಡುವೆ ಬಿತ್ತು. ನೀನು ಅವಳ ಮುಖ ನೋಡಿದೆ, ಅವಳು ನಿನ್ನ ಮುಖ ನೋಡಿದಳು.

ಮನೆಯಲ್ಲಿ ನಿನ್ನ ಬಾಯಿ ಮುಚ್ಚಿಸಲು ಮೂವರು ಬೇಕಿತ್ತು. ಅಲ್ಲಿ ಏನಾಯಿತು?

ನಿನ್ನ ಅತ್ತೆ


26 ನವೆಂಬರ್ 2017

ಅತ್ತೆಗೆ,

ಎರಡು ತಿಂಗಳು ನಿನ್ನ ಮೇಲೆ ಸಿಟ್ಟಿತ್ತು. ಕದ್ದು ನೋಡಿದ್ದಕ್ಕೆ ಸಿಟ್ಟು, ನೋಡಿಯೂ ಹತ್ತಿರ ಬಾರದ್ದಕ್ಕೆ ಇನ್ನೂ ಸಿಟ್ಟು. ಬಂದಿದ್ದರೆ ಅದಕ್ಕೂ ಸಿಟ್ಟು ಬರುತ್ತಿತ್ತು, ಆದ್ದರಿಂದ ಅದನ್ನು ಬಿಡೋಣ.

ಅವರೆಲ್ಲ ಕೂಗುವುದು "ನಂದು" ಎಂದು. ಚೆಂಡು ಬರುವಾಗ ಅದನ್ನು ತೆಗೆದುಕೊಳ್ಳುವವಳು ಮೊದಲೇ ಕೂಗಬೇಕು. ಕೂಗಿದರೆ ಉಳಿದವರು ಜಾಗ ಬಿಡುತ್ತಾರೆ. ಹಿಂದಿನ ಸಾಲನ್ನು ನಡೆಸುವವಳು ಲಿಬೆರೋ, ಅವಳೇ ಎಲ್ಲರಿಗಿಂತ ಹೆಚ್ಚು ಕೂಗಬೇಕು. ಮೇಡಂ ಮೊದಲ ವರ್ಷದಿಂದಲೂ, ನಿನ್ನ ಬಾಯಿಗೆ ಹೊಲಿಗೆ ಹಾಕಿದ್ದಾರಾ, ನಿಮ್ಮತ್ತೆ ದರ್ಜಿಯಂತಲ್ಲ ಎಂದು ಹಂಗಿಸುತ್ತಿದ್ದರು. ಇದನ್ನು ನಿನಗೆ ಬರೆದಿರಲಿಲ್ಲ.

ಯಾಕೆ ಕೂಗುವುದಿಲ್ಲ ಎಂದು ನನಗೂ ಗೊತ್ತಿರಲಿಲ್ಲ. ನಿನ್ನ ಪತ್ರ ಬಂದ ಮೇಲೆ ಅಭ್ಯಾಸದಲ್ಲಿ ನನ್ನನ್ನೇ ಗಮನಿಸಿಕೊಂಡೆ. ಆ ಮಾತು ಗಂಟಲವರೆಗೆ ಬಂದು ನಿಲ್ಲುತ್ತದೆ. ಹೊಡೆಯುವವಳು ಜಿರಾಫೆ, ಚಪ್ಪಾಳೆ ಅವಳಿಗೆ. ನಂದು ಎನ್ನಲು ನನ್ನದೇನಿದೆ ಎಂದು ಒಳಗೆ ಯಾರೋ ಕೇಳುತ್ತಾರೆ. ನೀನು ಮಾರ್ಚಿನಲ್ಲಿ ಕೇಳಿದ್ದೂ ಅದೇ. ನೀನು ಕೇಳುವ ಮೊದಲೇ ನಾನು ದಿನಾ ಕೇಳಿಕೊಳ್ಳುತ್ತಿದ್ದೆ.

ಈಗ ದಿನಾ ಸಂಜೆ ಹಾಸ್ಟೆಲಿನ ತಾರಸಿಯ ಮೇಲೆ, ನೀರಿನ ಟ್ಯಾಂಕಿನ ಪಕ್ಕ ನಿಂತು ಕೂಗುತ್ತೇನೆ. ಮೊದಲ ದಿನ ಕಾವಲುಗಾರ ಯಾರದೋ ಏನೋ ಕಳುವಾಗಿದೆ ಎಂದು ಕೋಲು ಹಿಡಿದು ಓಡಿಬಂದ. ಜಿರಾಫೆ ಕೆಳಗಿನಿಂದ ಚೆಂಡು ಎಸೆಯುತ್ತಾಳೆ, ನಾನು ಕೂಗದಿದ್ದರೆ ಮುಂದಿನದನ್ನು ಎಸೆಯುವುದಿಲ್ಲ. ಅಭ್ಯಾಸ ಎಷ್ಟಾಗಿದೆಯೆಂದರೆ ಮೊನ್ನೆ ತರಗತಿಯಲ್ಲಿ ಬಿದ್ದಿದ್ದ ಪೆನ್ನು ಯಾರದು ಎಂದು ಮೇಷ್ಟ್ರು ಕೇಳಿದಾಗ ನಂದು ಎಂದು ಕಿರುಚಿಬಿಟ್ಟೆ. ಪೆನ್ನು ನನ್ನದಾಗಿರಲಿಲ್ಲ.

ಕೂಗಿ ತೆಗೆದುಕೊಂಡಾಗ ಬೇರೆ ಥರ ಇರುತ್ತದೆ, ಅತ್ತೆ. ಯಾವ ಥರ ಎಂದು ಇನ್ನೂ ಬರೆಯಲು ಬರುವುದಿಲ್ಲ. ಇನ್ನೊಂದು ಸೆಪ್ಟೆಂಬರ್ ಉಳಿದಿದೆ. ಆಗ ಕದ್ದು ಬರಬೇಡ. ಆಯ್ಕೆಯಾದರೆ ನಾನೇ ಕರೆಯುತ್ತೇನೆ.

ಮಿಡತೆ


9 ಸೆಪ್ಟೆಂಬರ್ 2018

ಅತ್ತೆಗೆ,

ಕರೆದರು. ಮುಂದೆ ಹೋಗಿ ನಿಂತೆ.

ಗಂಟಲು ಪೂರ್ತಿ ಹೋಗಿದೆ, ಇವತ್ತು ಅಮ್ಮನ ಜೊತೆ ಫೋನಿನಲ್ಲಿ ಮಾತಾಡಲೂ ಆಗಲಿಲ್ಲ. ನಿನಗೆ ಬರೆಯಲು ಗಂಟಲು ಬೇಡವಲ್ಲ.

ಡಿಸೆಂಬರಿನಲ್ಲಿ ಪಂದ್ಯಾವಳಿ. ಬಾ. ಈ ಸಲ ಮುಂದಿನ ಸಾಲಿನಲ್ಲಿ ಕೂರು. ಅಪ್ಪನಿಗೂ ಹೇಳು. ಬರಲೇಬೇಕೆಂದಲ್ಲ, ಹೇಳು ಅಷ್ಟೆ.

ಮಿಡತೆ


16 ಡಿಸೆಂಬರ್ 2018

ನನ್ನ ಮಿಡತೆಗೆ,

ನಿನ್ನನ್ನು ಮಾತಾಡಿಸದೆ ಬಂದೆವು ಎಂದು ಮುಖ ಊದಿಸಬೇಡ. ಈ ಸಲ ಕದ್ದು ಬಂದದ್ದಲ್ಲ, ನಿನ್ನ ಅಪ್ಪನಿಗೆ ಬೆಳಗಿನ ಡ್ಯೂಟಿ ಇತ್ತು. ನಿನ್ನೆ ಸೆಮಿಫೈನಲ್ ಗೆದ್ದು ನೀವೆಲ್ಲ ಒಬ್ಬರ ಮೇಲೊಬ್ಬರು ಬಿದ್ದದ್ದನ್ನು ನೋಡಿಯೇ ಎದ್ದೆವು, ಕೊನೆಯ ಬಸ್ಸಿಗೆ ಓಡಿದೆವು. ಇವತ್ತು ಫೈನಲ್. ನಾನು ಇದನ್ನು ಬರೆಯುವ ಹೊತ್ತಿಗೆ ನೀನು ಆಡುತ್ತಿರಬಹುದು, ಇದು ನಿನ್ನ ಕೈಗೆ ಬರುವ ಹೊತ್ತಿಗೆ ಅದು ಹಳೆಯ ಮಾತಾಗಿರುತ್ತದೆ. ಆದ್ದರಿಂದ ನಾನು ಕಂಡದ್ದನ್ನಷ್ಟೇ ಬರೆಯುತ್ತೇನೆ.

ನಿನ್ನ ಅಪ್ಪ ಬಂದದ್ದು ನನ್ನ ಒತ್ತಾಯಕ್ಕಲ್ಲ. ರಜೆ ಉಳಿದಿದೆ, ಸುಮ್ಮನೆ ಹಾಳಾಗುತ್ತದೆ ಎಂದು ಗೊಣಗುತ್ತಲೇ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡ. ಮೊದಲ ಸೆಟ್ಟಿನಲ್ಲಿ ಕೈಕಟ್ಟಿ ಕೂತಿದ್ದ. ಮುಂದಿನ ಸಾಲಿನ ಸರದಿ ಬಂದಾಗಲೆಲ್ಲ ನಿನ್ನನ್ನು ಹೊರಗೆ ಕರೆಯುವುದು, ಆಮೇಲೆ ಮತ್ತೆ ಒಳಗೆ ಕಳಿಸುವುದು ನೋಡಿ ಅವನಿಗೆ ತಲೆಕೆಟ್ಟಿತು. ನನ್ನ ಕಡೆ ತಿರುಗಿ, "ಅಕ್ಕ, ಇವಳು ಹೊಡೆಯೋದು ಯಾವಾಗ?" ಎಂದ.

"ಇವಳು ಹೊಡೆಯಲ್ಲ ಕಣೋ," ಎಂದೆ. "ಬೀಳೋಕೆ ಬಿಡಲ್ಲ."

ಅಷ್ಟು ಹೊತ್ತಿಗೆ ಎದುರಿನವರ ಒಂದು ಚೆಂಡು ಗೆರೆಯ ಹತ್ತಿರ ಬಂತು. ನೀನು ಬಾಯಿ ತೆರೆದೆ. ಅಷ್ಟು ದೂರದಿಂದಲೂ ನನಗೆ ನಿನ್ನ ಆ ಮಾತು ಕಂಡಿತು. ಪಕ್ಕದ ಹುಡುಗಿಯರಿಬ್ಬರೂ ದಾರಿ ಬಿಟ್ಟರು, ನೀನು ಅದನ್ನು ಹೂವಿನಂತೆ ಎತ್ತಿಕೊಟ್ಟೆ. ಜಿರಾಫೆ ಹೊಡೆದಳು. ಚಪ್ಪಾಳೆ ಅವಳಿಗೇ ಬಂತು. ನೀನು ತಿರುಗಿಯೂ ನೋಡಲಿಲ್ಲ, ಮುಂದಿನದಕ್ಕೆ ಕಾಲು ಊರಿ ನಿಂತೆ. ಹೋದ ವರ್ಷದ ಮಾರ್ಚಿನ ನನ್ನ ಪ್ರಶ್ನೆಗೆ ನೀನಿನ್ನು ಬರೆದು ಉತ್ತರ ಕೊಡಬೇಕಾಗಿಲ್ಲ.

ಎರಡನೇ ಸೆಟ್ಟಿನಿಂದ ನಿನ್ನ ಅಪ್ಪನ ಕೈಗಳು ಬಿಚ್ಚಿಕೊಂಡವು. ಅವನು ರಸ್ತೆ ನೋಡುವ ಹಾಗೆ ಮುಂದಕ್ಕೆ ಬಾಗಿ ಕೂತ. ಆಮೇಲೆ ಮೊಣಕೈಯಿಂದ ನನ್ನನ್ನು ತಿವಿದ. ಅವಳು ಚೆಂಡು ನೋಡಲ್ಲ ಅಕ್ಕ, ಹೊಡೆಯುವವಳ ಭುಜ ನೋಡುತ್ತಾಳೆ, ಅದಕ್ಕೇ ಚೆಂಡಿಗಿಂತ ಮೊದಲೇ ಅಲ್ಲಿರುತ್ತಾಳೆ ಎಂದ. ತಾನೂ ಎದುರಿನ ಗಾಡಿಯ ಲೈಟನ್ನು ನಂಬುವುದಿಲ್ಲವಂತೆ, ಮುಂದಿನ ಚಕ್ರ ಯಾವ ಕಡೆ ತಿರುಗಿದೆ ಎಂದು ನೋಡುತ್ತಾನಂತೆ. ಇಷ್ಟು ವರ್ಷ ಅವನ ಜೊತೆಗಿದ್ದೂ ಅವನು ತನ್ನ ಕೆಲಸದ ಬಗ್ಗೆ ಇಷ್ಟು ಮಾತಾಡಿದ್ದನ್ನು ನಾನು ಕಂಡಿರಲಿಲ್ಲ.

ಕೊನೆಯ ಸೆಟ್ಟು ನಿನಗೆ ಗೊತ್ತಿರುವುದೇ. ಆ ಕಡೆಯ ಆ ದಪ್ಪ ಜಡೆಯ ಹುಡುಗಿ ಇದ್ದಳಲ್ಲ, ಅವಳು ಹಾರಿದಾಗಲೆಲ್ಲ ನಾನು ಸೆರಗನ್ನು ಹಲ್ಲಿನಲ್ಲಿ ಕಚ್ಚಿ ಹಿಡಿಯುತ್ತಿದ್ದೆ. ಇನ್ನೊಂದು ಪಾಯಿಂಟು ಹೋದರೆ ನೀವು ಮನೆಗೆ ಎಂದು ನನ್ನ ಪಕ್ಕದಲ್ಲಿ ಕಡಲೆ ತಿನ್ನುತ್ತಿದ್ದ ದೊಡ್ಡ ಮನುಷ್ಯ ನಿನ್ನ ಅಪ್ಪನಿಗೆ ವಿವರಿಸುತ್ತಿದ್ದ, ನಾವು ಯಾರೆಂದು ಅವನಿಗೆ ಗೊತ್ತಿರಲಿಲ್ಲ. ಆ ಹುಡುಗಿ ಓಡಿಬಂದು ಮತ್ತೆ ಹಾರಿದಳು. ಕೈ ಹಿಂದಕ್ಕೆ ಹೋಯಿತು. ಕಡಲೆಯವನು ಪೊಟ್ಟಣ ಮಡಚಿ ಜೇಬಿಗೆ ಹಾಕಿಕೊಳ್ಳುತ್ತಾ, ಇದು ಬಿತ್ತು ಅಂತಲೇ ಲೆಕ್ಕ ಎಂದು ಎದ್ದ.

ಆ ಗದ್ದಲದಲ್ಲಿ ಕಿವಿಯಿರುವವರಿಗೂ ಏನೂ ಕೇಳಿಸುತ್ತಿರಲಿಲ್ಲ. ಆದರೆ ನಾನು ನಿನ್ನ ಅಪ್ಪನ ತುಟಿ ನೋಡುತ್ತಿದ್ದೆ. ಅವನು ಆ ಮನುಷ್ಯನ ತೋಳು ಹಿಡಿದು ಕೂರಿಸಿದ.

"ಕೂತ್ಕೊಳ್ಳಿ," ಎಂದ. "ಅಲ್ಲಿ ನನ್ನ ಮಗಳಿದ್ದಾಳೆ."

ಚೆಂಡು ಇನ್ನೂ ಆ ಹುಡುಗಿಯ ಕೈಗೆ ತಾಗಿರಲಿಲ್ಲ.

ನಿನ್ನ ಅತ್ತೆ